ನೀರು ಬಡಿಯುವವರು

ನನ್ನ ತಮ್ಮ ಯರ್ಬನನ್ನು ಓದಲೆಂದು ನವಾಕ್ಷೋತ್ ಪಟ್ಟಣಕ್ಕೆ ಕಳಿಸಿದವಳು ನಾನೇ. ಅವನು ಫ್ರೆಂಚ್ ಕಲಿತು ಬಂದ ದಿನ ಕಡಲ ದಡದ ನಮ್ಮೂರು ತಿಜ್ವಾನಿನ ಹೆಂಗಸರನ್ನೆಲ್ಲ ಕರೆದು ಮೂರು ಸುತ್ತು ಟೀ ಕುಡಿಸಿದವಳೂ ನಾನೇ. ಇದನ್ನು ಮೊದಲೇ ಹೇಳಿಬಿಡುತ್ತೇನೆ. ಹಡಗಿನವರ ಮೇಲಿನ ನನ್ನ ಸಿಟ್ಟು ಒಂದು ಬಗೆಯದು, ಅವನ ಮೇಲಿನದು ಇನ್ನೊಂದು ಬಗೆಯದು. ಎರಡನ್ನೂ ಒಂದೇ ಮಡಕೆಗೆ ಹಾಕಲು ನನಗೆ ಇವತ್ತಿಗೂ ಆಗಿಲ್ಲ.

ಆ ಬೇಸಗೆಯಲ್ಲಿ ಸಮುದ್ರದ ತಳದಲ್ಲಿ ಅನಿಲ ಹುಡುಕುವ ಕಂಪನಿಯವರು ನಮ್ಮೂರಿಗೆ ಬಂದರು. ದೊಡ್ಡ ಗುಡಾರ ಹಾಕಿಸಿ ಕುರಿ ಕೊಯ್ಸಿದರು. ಯರ್ಬ ಆ ಹೊತ್ತಿಗೆ ಅವರಲ್ಲೇ ಕೆಲಸಕ್ಕೆ ಸೇರಿದ್ದ. ಗಂಜಿ ಹಾಕಿದ ನೀಲಿ ನಿಲುವಂಗಿ ತೊಟ್ಟು, ಅವರ ಮತ್ತು ನಮ್ಮ ನಡುವೆ ಕೂತು, ಆ ಕಡೆಯ ಮಾತು ಈ ಕಡೆಗೆ, ಈ ಕಡೆಯದು ಆ ಕಡೆಗೆ ದಾಟಿಸುತ್ತಿದ್ದ. ನನಗೆ ಎಷ್ಟು ಹೆಮ್ಮೆಯಾಗಿತ್ತೆಂದರೆ, ಪಕ್ಕದಲ್ಲಿದ್ದವಳಿಗೆ ಮೊಣಕೈಯಿಂದ ತಿವಿದು ತಿವಿದು ತೋರಿಸಿದ್ದೆ.

ಊರಿನ ಹಿರಿಯ ಮೆಸ್ಸೂದ್ ಅಜ್ಜ ತುಂಬ ಹೊತ್ತು ಮಾತಾಡಿದರು. "ನೀವು ಬೇಕಾದ್ದು ಹುಡುಕ್ಕೊಳ್ಳಿ, ಬೇಡ ಅನ್ನೋಕೆ ಸಮುದ್ರ ನಮ್ಮಪ್ಪಂದಲ್ಲ. ಆದ್ರೆ ಚಳಿ ತಿಂಗಳಲ್ಲಿ ಮಾತ್ರ ನೀರೊಳಗೆ ಸದ್ದು ಮಾಡ್ಬೇಡಿ. ಆಗ ಅಜೌಲ್ ಮೀನು ದಡಕ್ಕೆ ಬರುತ್ತೆ. ಅದರ ಹಿಂದೆ ಡಾಲ್ಫಿನ್ ಬರ್ತವೆ. ಅವು ಕಿವಿಯಿಂದ ಬದುಕೋ ಪ್ರಾಣಿ. ಅವು ಬಂದ್ರೇನೇ ನಾವು ಉಣ್ಣೋದು. ನಮ್ಮಜ್ಜನ ಕಾಲದಿಂದ್ಲೂ ಹೀಗೇ."

ಯರ್ಬ ಅವರ ಕಡೆ ತಿರುಗಿ ಎರಡು ಮಾತು ಹೇಳಿದ. ಅವರು ನಕ್ಕರು, ಅಜ್ಜನ ಕೈ ಕುಲುಕಿದರು.

"ಏನಂದ್ರು?" ಎಂದು ಅಜ್ಜ ಕೇಳಿದರು.

"ಒಪ್ಪಿದ್ರು ಅಜ್ಜ. ಚಳಿ ಕಳೆದ ಮೇಲೇ ಶುರು ಮಾಡ್ತಾರಂತೆ."

ನನ್ನ ಗಂಡ ಸ್ವೇಲಿಮ್ ಮೂಳೆ ಚೀಪುತ್ತಾ ಕೇಳಿದ, "ಅಲ್ವೋ ಯರ್ಬ, ಅಜ್ಜ ಹೇಳಿದ್ದು ಬಲೆಯಷ್ಟು ಉದ್ದ. ನೀನು ಹೇಳಿದ್ದು ಗಾಳದಷ್ಟೂ ಇಲ್ವಲ್ಲ?"

"ಫ್ರೆಂಚ್ ಹಾಗೇನೇ ಭಾವ. ಎಲ್ಲಾ ಚುಟುಕು."

ಗುಡಾರದವರೆಲ್ಲ ನಕ್ಕೆವು. ನಾನೂ ನಕ್ಕೆ.

ಚಳಿ ಬಂತು. ಗಾಳಿ ಬಡಗಣಕ್ಕೆ ತಿರುಗಿತು. ಅಜೌಲ್ ಹಿಂಡು ದಡದ ಪಕ್ಕದಲ್ಲೇ, ಮೊಣಕಾಲುದ್ದದ ನೀರಿನಲ್ಲಿ, ಕಪ್ಪು ನೆರಳಿನಂತೆ ಸರಿಯತೊಡಗಿತು. ಗಂಡಸರು ಹೆಗಲಿಗೆ ಬಲೆ ಹೊತ್ತು ನೀರಿಗಿಳಿದರು. ಸ್ವೇಲಿಮ್ ಅವರ ಮುಂದೆ ಹೋಗಿ ಕೋಲಿನಿಂದ ನೀರು ಬಡಿದ. ನಮ್ಮೂರಲ್ಲಿ ಆ ಕೆಲಸ ಅವನದು. ಅಪ್ಪನಿಂದ ಬಂದದ್ದು. ಸುಮ್ಮನೆ ಬಡಿಯುವುದಲ್ಲ. ಕೋಲು ಚಪ್ಪಟೆಯಾಗಿ ಬೀಳಬೇಕು, ಹಿಂಡು ಮೀನು ಒಟ್ಟಿಗೆ ಹಾರಿ ಬಿದ್ದಂಥ ಸದ್ದಾಗಬೇಕು. ಅದನ್ನು ಕೇಳಿ ಡಾಲ್ಫಿನ್‌ಗಳು ಆಳದಿಂದ ಬರುತ್ತವೆ. ಅವು ಆ ಕಡೆಯಿಂದ ಮೀನನ್ನು ಅಟ್ಟುತ್ತವೆ, ನಾವು ಈ ಕಡೆಯಿಂದ ಬಲೆ ಬಿಡುತ್ತೇವೆ. ನಡುವೆ ಸಿಕ್ಕಿದ್ದರಲ್ಲಿ ಅವುಗಳಿಗೂ ಪಾಲು, ನಮಗೂ ಪಾಲು. ಡಾಲ್ಫಿನ್ ಗಂಡಸರ ತೊಡೆ ಸವರಿಕೊಂಡು ಹೋಗುತ್ತದೆ, ಬಲೆಗೆ ಮಾತ್ರ ಮೂತಿ ತಾಗಿಸುವುದಿಲ್ಲ. ಕೆಸರು ಕದಡಿ ಕೈ ಕಾಣದ ನೀರಿನಲ್ಲೂ ಅದಕ್ಕೆ ಬಲೆಯ ನೂಲು ಗೊತ್ತಾಗುತ್ತದೆ.

ಹೇಗೆ ಗೊತ್ತಾಗುತ್ತದೆಂದು ನನ್ನ ಕಿವಿಗೇ ಕೇಳಿಸಿದವಳು ಸೆನಿಯ. ಡಾಲ್ಫಿನ್ ಸದ್ದುಗಳನ್ನು ಓದಲು ಚಳಿಗಾಲದಲ್ಲಿ ಮಾತ್ರ ಪಟ್ಟಣದಿಂದ ಬರುತ್ತಿದ್ದ ಹುಡುಗಿ ಅವಳು. ನಮ್ಮ ಮನೆಯಲ್ಲೇ ಉಳಿದು, ನನ್ನನ್ನು ಖಾಲಾ, ಅಂದರೆ ಚಿಕ್ಕಮ್ಮ, ಎಂದು ಕರೆಯುತ್ತಿದ್ದಳು. ಹಿಂದಿನ ಚಳಿಗಾಲದಲ್ಲಿ ಒಂದು ಮೈಕನ್ನು ನೀರಿಗಿಳಿಸಿ, ತಂತಿಯ ಈ ತುದಿಯನ್ನು ನನ್ನ ಕಿವಿಗೆ ಸಿಕ್ಕಿಸಿದ್ದಳು. ಮೊದಲು ಏನೂ ಇಲ್ಲ. ಆಮೇಲೆ ಕಾದ ಬಾಣಲೆಯಲ್ಲಿ ಜೋಳ ಸಿಡಿದ ಹಾಗೆ ಟಕ್ ಟಕ್ ಟಕ್. ಹತ್ತಿರ ಬಂದಂತೆ ಅದು ಬಿರುಸಾಯಿತು, ಟಕಟಕ ಹೋಗಿ ಟರ್‌ರ್ ಎಂದು ಬಟ್ಟೆ ಹರಿದಂತಾಯಿತು.

"ಈಗ ಮೀನು ಹಿಡೀತು ಖಾಲಾ," ಎಂದಿದ್ದಳು ಸೆನಿಯ. "ಹಣೆಯಿಂದ ಸದ್ದು ಎಸೆಯುತ್ತೆ. ಅದು ಮೀನಿಗೆ ತಾಗಿ ವಾಪಸ್ ಬರುತ್ತಲ್ಲ, ಅದನ್ನ ಕೆಳದವಡೆಯಿಂದ ಹಿಡ್ಕೊಂಡು ಒಳಗಿನ ಕಿವಿಗೆ ಕಳಿಸುತ್ತೆ. ಎಷ್ಟು ದೂರ, ಎಷ್ಟು ಗಾತ್ರ, ಮೀನೋ ಕಲ್ಲೋ ಬಲೆಯೋ, ಎಲ್ಲಾ ಅದರಲ್ಲೇ ಗೊತ್ತಾಗುತ್ತೆ."

"ಮತ್ತೆ ನಡುವೆ ಕೇಳ್ತಿರೋ ಈ ಸಿಳ್ಳೆ?"

"ಅದು ಹೆಸರಿದ್ದ ಹಾಗೆ. ಒಂದೊಂದಕ್ಕೂ ಒಂದೊಂದು. ಮರಿ ಕಳೆದುಹೋದ್ರೆ ತಾಯಿ ತನ್ನ ಸಿಳ್ಳೇನೇ ಹಾಕ್ತಾ ಇರ್ತಾಳೆ, ನಾನಿಲ್ಲಿದೀನಿ, ನಾನಿಲ್ಲಿದೀನಿ ಅಂತ."

ಅವತ್ತು ನಾನು ಮೀನು ಒಣಗಹಾಕುವುದನ್ನೇ ಮರೆತು ಕೂತಿದ್ದೆ.

ಈ ಚಳಿಗಾಲದಲ್ಲಿ ಸ್ವೇಲಿಮ್ ಬಡಿದ, ಬಡಿದ, ಒಂದೂ ಬರಲಿಲ್ಲ. ಮಾರನೆಯ ದಿನವೂ ಬರಲಿಲ್ಲ. ನೀರಿನಿಂದ ಎದ್ದುಬಂದವನು ಮೊಣಕಾಲು ಉಜ್ಜಿಕೊಳ್ಳುತ್ತಾ, "ನೀರು ಒದೀತಾ ಇದೆ ತೆಸ್ಲೆಮ್," ಎಂದ.

"ನೀರು ಒದೆಯೋದಾ? ವಯಸ್ಸಾಯ್ತು, ಸೊಂಟ ಒದೀತಿರ್ಬೇಕು."

"ತಮಾಷೆ ಅಲ್ಲ ಕಣೆ. ಬಾ ನೋಡು."

ನಾನು ಮೈಗೆ ಸುತ್ತಿದ್ದ ಮಲ್ಹಫದ ಸೆರಗು ಎತ್ತಿ ಕಟ್ಟಿ ನೀರಿಗಿಳಿದೆ. ನಿಂತೆ. ಉಸಿರು ಹತ್ತು ಸಲ ಆಡಿತೋ ಇಲ್ಲವೋ, ಕಣಕಾಲಿನ ಮೂಳೆಗೆ ಒಂದು ಗುದ್ದು. ಮತ್ತೆ ಅಷ್ಟೇ ಹೊತ್ತಿಗೆ ಇನ್ನೊಂದು. ಕಿವಿಗೆ ಏನೂ ಇಲ್ಲ, ಗಾಳಿಯ ಸದ್ದಷ್ಟೇ. ಸೆನಿಯ ಓಡಿಹೋಗಿ ಮೈಕು ತಂದಳು. ಕಿವಿಗೆ ಹಾಕಿಕೊಂಡವಳು ಥಟ್ಟನೆ ಕಿತ್ತು ತೆಗೆದಳು. ಅವಳ ಮುಖ ನೋಡಿ ನಾನು ಕಸಿದುಕೊಂಡೆ. ದುಂ. ಯಾರೋ ಸಮುದ್ರಕ್ಕೆ ಬಾಗಿಲು ಇಟ್ಟು ಅದನ್ನು ಗುದ್ದುತ್ತಿರುವಂತೆ. ಅದರ ನಡುವೆ ಟಕ್ ಟಕ್ ಇಲ್ಲ, ಸಿಳ್ಳೆ ಇಲ್ಲ, ಏನೂ ಇಲ್ಲ.

"ಹಡಗು," ಎಂದಳು ಸೆನಿಯ. "ಆಳದ ನೀರಲ್ಲಿದೆ. ಗಾಳಿ ತುಂಬಿದ ಕೋವಿ ಹಾರಿಸ್ತಿದಾರೆ, ನೆಲದೊಳಗೆ ಏನಿದೆ ನೋಡೋಕೆ."

"ಚಳಿ ಕಳೆದ ಮೇಲೆ ಅಂದಿದ್ರಲ್ಲ!"

ಯರ್ಬನಿಗೆ ಫೋನ್ ಮಾಡಿದೆ. "ಅಕ್ಕ, ಅದು ಬರೀ ಪರೀಕ್ಷೆ. ನಾಲ್ಕು ದಿನ. ಮೀನಿಗೆ ಏನೂ ಆಗಲ್ಲ," ಎಂದು ಗಡಿಬಿಡಿಯಲ್ಲಿ ಇಟ್ಟುಬಿಟ್ಟ. ನಾಲ್ಕು ದಿನ ಹೋಗಿ ಅದರ ಮೇಲೆ ಒಂದು ವಾರವಾಯಿತು. ನೀರು ಒದೆಯುತ್ತಲೇ ಇತ್ತು.

ಒಂದು ಬೆಳಗ್ಗೆ ಅವು ಬಂದವು. ಸ್ವೇಲಿಮ್ ಕರೆದು ಬಂದದ್ದಲ್ಲ, ಓಡಿಸಿದಂತೆ ಬಂದವು. ಗಂಡಸರು ಬಲೆ ಬಿಟ್ಟಿದ್ದರು. ನಾವು ದಡದಲ್ಲಿ ಬುಟ್ಟಿ ಹಿಡಿದು ನಿಂತಿದ್ದೆವು. ಐದಾರು ಡಾಲ್ಫಿನ್ ಆಳದ ಕಡೆಯಿಂದ ನುಗ್ಗಿ, ಮೀನನ್ನೂ ನೋಡದೆ, ತಿರುಗಲೂ ಇಲ್ಲದೆ ಬಲೆಗೇ ಹೊಡೆದವು. ಉಳಿದವು ಹೇಗೋ ಹರಿದುಕೊಂಡು ಹೋದವು. ಒಂದು ಸಿಕ್ಕಿಕೊಂಡಿತು. ಬೆನ್ನ ರೆಕ್ಕೆಯ ತುದಿ ಹರಿದಿದ್ದ ಹೆಣ್ಣು; ನಾನು ಮದುವೆಯಾದ ಮೇಲೆ ಎಷ್ಟೋ ಚಳಿಗಾಲ ನೋಡಿದ್ದೆ ಅದನ್ನು. ಉರುಳಿದಷ್ಟೂ ನೂಲು ಬಿಗಿಯಿತು. ಸ್ವೇಲಿಮ್ ಚಾಕು ಹಿಡಿದು ಮುಳುಗಿದ. ಬಲೆ ಕೊಯ್ದ, ತನ್ನ ಕೈಯನ್ನೂ ಕೊಯ್ದುಕೊಂಡ. ಮೇಲೆತ್ತುವ ಹೊತ್ತಿಗೆ ಅದಕ್ಕೆ ಉಸಿರಿರಲಿಲ್ಲ. ನಾಲ್ವರು ಹಿಡಿದು ತಲೆಯನ್ನು ನೀರಿನ ಮೇಲೆ ಎತ್ತಿ ನಿಂತರು, ನಿಂತೇ ಇದ್ದರು. ಯಾರೂ ಸತ್ತಿತು ಎಂದು ಹೇಳಲಿಲ್ಲ.

ನಮ್ಮಲ್ಲಿ ಡಾಲ್ಫಿನ್ ಕೊಂದವನಿಗೆ ಯಾರೂ ಹೆಣ್ಣು ಕೊಡುವುದಿಲ್ಲ. ಅಂಥ ಊರಿನ ಬಲೆಯಲ್ಲಿ ಡಾಲ್ಫಿನ್ ಸತ್ತಿತ್ತು.

ಅದರ ಮರಿ ಹೋಗಲಿಲ್ಲ. ಬಲೆಯ ಆಚೆ ಸುತ್ತುತ್ತಲೇ ಇತ್ತು. ಸೆನಿಯ ಮೈಕಿನ ತಂತಿ ಕಿವಿಯಲ್ಲಿಟ್ಟುಕೊಂಡು ಮರಳಿನ ಮೇಲೆ ಕೂತಿದ್ದಳು, ಕಣ್ಣಿಂದ ನೀರು ಸುರಿಯುತ್ತಿತ್ತು. ಏನು ಕೇಳುತ್ತಿದೆ ಎಂದು ನಾನು ಕೇಳಲಿಲ್ಲ. ನನಗೆ ಗೊತ್ತಿತ್ತು. ಅಳುತ್ತಿದ್ದ ಅವಳ ಮೇಲೂ ನನಗೆ ಸಿಟ್ಟು ಬಂತು.

"ಕೇಳಿ ಕೇಳಿ ಬರ್ಕೊತೀಯಲ್ಲ, ಬರ್ಕೊಂಡು ಏನ್ಮಾಡ್ತೀಯ? ಇದನ್ನೂ ಬರ್ಕೊ!"

"ಬರೆದು ಕಳಿಸಿದೀನಿ ಖಾಲಾ. ಮೂರು ಕಡೆ ಕಳಿಸಿದೀನಿ. ಯಾರೂ ಉತ್ತರ ಕೊಟ್ಟಿಲ್ಲ."

"ಹಾಗಾದ್ರೆ ಏಳು."

ಗುಡಾರದಲ್ಲಿ ಗಂಡಸರು ಎರಡನೇ ಸುತ್ತು ಟೀ ಮುಗಿಸಿ ತಲೆ ತಗ್ಗಿಸಿ ಕೂತಿದ್ದರು. ರಾಜ್ಯಪಾಲರ ಹತ್ತಿರ ಹೋಗೋಣ ಎಂದು ಒಬ್ಬ, ಶುಕ್ರವಾರದ ನಮಾಜು ಮುಗಿಯಲಿ ಎಂದು ಇನ್ನೊಬ್ಬ. ನಾನು ಕೆಂಡದ ಮೇಲಿದ್ದ ಕೆಟಲನ್ನು ಎತ್ತಿ ಮರಳಿಗೆ ಚೆಲ್ಲಿದೆ. ಹಾಗೆ ಮಾಡಿದ ಹೆಂಗಸು ನಮ್ಮೂರಲ್ಲಿ ಇರಲಿಲ್ಲ.

"ಮೂರನೇ ಲೋಟ ಹಡಗಿನ ಮುಂದೆ ಕುಡಿಯೋಣ, ಏಳಿ! ದೋಣಿ ಇವೆಯಲ್ಲ? ಹಾಯಿ ಇದೆಯಲ್ಲ? ನಿಮ್ಮ ಕೈಲಾಗಲ್ಲ ಅಂದ್ರೆ ಹೇಳಿ, ಹೆಂಗಸರು ಹೋಗ್ತೀವಿ. ನೀವು ಇಲ್ಲಿ ಮೀನು ಸೀಳ್ತಾ ಕೂತಿರಿ."

ಸ್ವೇಲಿಮ್ ಕೈಗೆ ಬಟ್ಟೆ ಸುತ್ತಿಕೊಳ್ಳುತ್ತಿದ್ದವನು ಎದ್ದ. "ಇವಳಿಗೆ ಮೀನು ಸೀಳೋದು ಗೊತ್ತು, ದೋಣಿ ನಡೆಸೋಕೆ ಬರಲ್ಲ," ಎಂದ. "ನಾನೂ ಹೋಗ್ಬೇಕಾಗುತ್ತೆ." ಆಮೇಲೆ ಎಲ್ಲರೂ ಎದ್ದರು. ಮೆಸ್ಸೂದ್ ಅಜ್ಜನೂ, ಬೇಡವೆಂದರೂ ಕೇಳದೆ, ನಮ್ಮ ದೋಣಿಯಲ್ಲೇ ಹತ್ತಿ ಕೂತರು.

ಹಡಗು ನಾನು ಅಂದುಕೊಂಡದ್ದಕ್ಕಿಂತ ದೊಡ್ಡದಿತ್ತು. ಬೆಳ್ಳಗೆ, ಮನೆಯ ಮೇಲೆ ಮನೆ ಕಟ್ಟಿದಂತೆ. ಅದರ ಹಿಂದೆ ನೀರಿನಲ್ಲಿ ತಂತಿಗಳು ಕಣ್ಣು ಹೋದಷ್ಟು ದೂರ ತೇಲುತ್ತಿದ್ದವು. ಅಷ್ಟನ್ನೂ ಎಳೆದುಕೊಂಡು ಅದಕ್ಕೆ ಬೇಗ ತಿರುಗಲು ಬಾರದೆಂದು ಸೆನಿಯ ಹೇಳಿದ್ದಳು. ನಮ್ಮ ಹಾಯಿ ದೋಣಿಗಳು ಅದರ ದಾರಿಗೆ ಅಡ್ಡ ಹರಡಿಕೊಂಡು ನಿಂತವು. ಇಲ್ಲಿ ನೀರಿನ ಗುದ್ದು ದೋಣಿಯ ಹಲಗೆಯಲ್ಲೇ ಬಡಿಯುತ್ತಿತ್ತು. ಕೂತವರ ಹಲ್ಲು ಅದುರುತ್ತಿತ್ತು. ಇಷ್ಟು ದಿನ ಇದರೊಳಗೇ ಆ ಪ್ರಾಣಿಗಳು ಬದುಕಿದ್ದವು.

ಹಡಗಿನ ಪಕ್ಕದಿಂದ ಒಂದು ಮೋಟಾರು ದೋಣಿ ನೀರು ಸೀಳಿಕೊಂಡು ಬಂತು. ಅದರ ಮುಂದೆ ಕಿತ್ತಳೆ ಬಣ್ಣದ ಅಂಗಿ ತೊಟ್ಟು, ಧ್ವನಿವರ್ಧಕ ಹಿಡಿದು ನಿಂತವನು ಯರ್ಬ.

"ದೂರ ಹೋಗಿ! ತಂತಿಗೆ ಸಿಕ್ಕಿ ಸಾಯ್ತೀರಿ!" ಎಂದು ಕೂಗಿದ. ನನ್ನನ್ನು ಕಂಡು ಅದನ್ನು ಕೆಳಗಿಳಿಸಿದ. "ಅಕ್ಕ? ನೀನ್ಯಾಕೆ ಬಂದೆ?"

"ನಿನ್ನ ನಾಲ್ಕು ದಿನ ಮುಗೀತಾ ಅಂತ ಕೇಳೋಕೆ ಬಂದೆ."

"ಮನೆಗೆ ಹೋಗಕ್ಕ. ಸಂಜೆ ಬಂದು ಎಲ್ಲಾ ಹೇಳ್ತೀನಿ."

ಅಷ್ಟರಲ್ಲಿ, ಹಡಗಿನವರ ಜೊತೆ ಮಾತಾಡಲೆಂದು ಸೆನಿಯ ತಂದಿದ್ದ ಕೈರೇಡಿಯೋ ಮಾತಾಡಿತು. ಹಡಗಿನ ಮೇಲಿನವನು ಫ್ರೆಂಚಿನಲ್ಲಿ ಗಡುಸಾಗಿ ಏನೋ ಹೇಳಿದ. ಸೆನಿಯ ಉತ್ತರ ಕೊಟ್ಟಳು. ಅವನು ಮತ್ತೆ ಹೇಳಿದ. ಸೆನಿಯ ಮೊದಲು ಯರ್ಬನನ್ನು ನೋಡಿದಳು, ಆಮೇಲೆ ನನ್ನನ್ನು.

"ಏನಂದ?"

"ಖಾಲಾ... ನಾವು ಮಾತಿಗೆ ತಪ್ಪಿದೀವಿ ಅಂತಾನೆ. ಬೇಸಗೆಯಲ್ಲಿ ನಿಮ್ಮೂರ ಹಿರಿಯರೇ ಒಪ್ಪಿದಾರಂತೆ. ಚಳಿಗಾಲ ಆದ್ರೆ ನಮ್ಮದೇನೂ ಅಡ್ಡಿಯಿಲ್ಲ, ಆಗ ಇಲ್ಲಿ ಮೀನೂ ಇರಲ್ಲ, ಡಾಲ್ಫಿನ್ನೂ ಇರಲ್ಲ ಅಂದ್ರಂತೆ. ಅದಕ್ಕೇ ಈ ತಿಂಗಳು ಆರಿಸಿದ್ದಂತೆ."

ಮೆಸ್ಸೂದ್ ಅಜ್ಜ ಎದ್ದು ನಿಲ್ಲಲು ಹೋಗಿ ತೂಗಾಡಿದರು, ಸ್ವೇಲಿಮ್ ಹಿಡಿದುಕೊಂಡ. "ನಾನು ಅಂದ್ನಾ?" ಎಂದರು ಅಜ್ಜ. "ಯರ್ಬ, ನಾನು ಹಾಗಂದ್ನಾ?"

ಯರ್ಬ ನೀರು ನೋಡುತ್ತಿದ್ದ. "ಹಡಗು ಸಿಕ್ಕಿದ್ದೇ ಚಳಿಗಾಲಕ್ಕೆ ಅಜ್ಜ. ನಾವು ಬೇಡ ಅಂದ್ರೂ ಬರೋರೇ. ನಾನು ಹೇಳದಿದ್ರೆ ಇನ್ನೊಬ್ಬನ್ನ ಕರ್ಕೊಂಡು ಬಂದು ಹೇಳಿಸ್ತಿದ್ರು. ಮೀನು ಅಲ್ವಾ, ಈ ವರ್ಷ ಹೋದ್ರೆ ಮುಂದಿನ ವರ್ಷ ಬರುತ್ತೆ ಅಂದ್ಕೊಂಡೆ..."

ನನ್ನ ಕೈಯಲ್ಲಿ ಸ್ವೇಲಿಮನ ಕೋಲಿತ್ತು. ಹೊಡೆಯುವಷ್ಟು ಹತ್ತಿರದಲ್ಲಿದ್ದ ಯರ್ಬ. ನನ್ನ ತೋಳು ಎದ್ದದ್ದು ನಿಜ. ಅವನು ತಪ್ಪಿಸಿಕೊಳ್ಳಲೂ ಇಲ್ಲ, ಹಾಗೇ ಕಣ್ಣು ಮುಚ್ಚಿದ. ಆ ಕಣ್ಣು ಮುಚ್ಚಿದ್ದು ನೋಡಿ ನನಗೆ ಇನ್ನೂ ಉರಿಯಿತು. ಒಂದು ಏಟಿಗೆ ಎಲ್ಲ ತೀರಿಹೋಗಲಿ ಎಂದು ಕಾಯುತ್ತಿದ್ದ ಅವನು. ಕೋಲು ಕೆಳಗಿಟ್ಟೆ.

"ಸೆನಿಯ, ಆ ರೇಡಿಯೋ ಇವನ ಕೈಗೆ ಕೊಡು."

"ಅಕ್ಕ, ಬೇಡ. ಕೆಲಸ ಹೋಗುತ್ತೆ."

"ಹೋಗ್ಲಿ. ನಾನು ಹೇಳ್ತೀನಿ, ನೀನು ಹೇಳು. ನಾನು ಹೇಳಿದಷ್ಟೂ ಹೇಳು. ಸೆನಿಯ ಕೇಳಿಸ್ಕೊತಾಳೆ. ಒಂದು ಮಾತು ಕಡಿಮೆಯಾದ್ರೂ ಮತ್ತೆ ಮೊದಲಿಂದ ಹೇಳಿಸ್ತೀನಿ. ಹೇಳು: ನಾನು ಯರ್ಬ, ತಿಜ್ವಾನಿನವನು."

ಅವನು ಹೇಳಿದ.

"ಮೆಸ್ಸೂದ್ ಅಜ್ಜ ಚಳಿಗಾಲದಲ್ಲಿ ಬೇಡವೇ ಬೇಡ ಅಂದ್ರು. ನಾನು ಅದನ್ನ ನಿಮಗೆ ಹೇಳ್ಲಿಲ್ಲ. ಅಡ್ಡಿಯಿಲ್ಲ ಅಂತ ಸುಳ್ಳು ಹೇಳಿದೆ."

ಹೇಳಿದ. ಸೆನಿಯ ತಲೆಯಾಡಿಸಿದಳು.

"ನಿಮ್ಮ ಸದ್ದಿಗೆ ಡಾಲ್ಫಿನ್‌ಗಳು ದಿಕ್ಕುಗೆಟ್ಟು ಬಂದು ನಮ್ಮ ಬಲೆಗೆ ಬಿದ್ವು. ತಾಯಿ ಸತ್ತಿತು. ಮರಿ ಅಲ್ಲೇ ಕೂಗ್ತಾ ಇದೆ."

ಹೇಳಿದ. ಸೆನಿಯ, "ಇಲ್ಲ ಖಾಲಾ," ಎಂದಳು. "ಸತ್ತಿತು ಅನ್ನಲಿಲ್ಲ. ತೊಂದರೆ ಆಯ್ತು ಅಂದ."

"ಮತ್ತೆ ಹೇಳೋ."

ಯರ್ಬ ಅಳುತ್ತಿದ್ದ. ಅಳುತ್ತಲೇ ಹೇಳಿದ. ಆ ಮಾತು ನನಗೂ ತಿಳಿಯಿತು, ಅವನ ಬಾಯಿಯ ಆಕಾರದಲ್ಲೇ ತಿಳಿಯಿತು.

"ಈ ಕೋವಿ ನಿಲ್ಲೋ ತನಕ ನಾವು ಇಲ್ಲಿಂದ ಕದಲಲ್ಲ. ನಮ್ಮ ಮೇಲೆ ಹಡಗು ಹತ್ತಿಸಿದ್ರೆ ಹತ್ತಿಸಿ. ಇದನ್ನ ಚುಟುಕಾಗಿ ಹೇಳ್ಬೇಡ, ಉದ್ದಕ್ಕೇ ಹೇಳು."

ಹಲಗೆಗೆ ಇನ್ನೊಂದು ಗುದ್ದು ಬಿತ್ತು. ಮತ್ತೊಂದು ಬಿತ್ತು. ನಾವು ಹಲ್ಲು ಕಚ್ಚಿ ಕೂತೆವು. ಅದರ ನಂತರದ್ದು ಬರಲಿಲ್ಲ. ಕಾದೆವು, ಬರಲಿಲ್ಲ. ಸ್ವೇಲಿಮ್ ಅಂಗೈಯನ್ನು ಹಲಗೆಗೆ ಒತ್ತಿ ನೋಡಿ, "ನಿಲ್ಲಿಸಿದ್ರು," ಎಂದ. ಯಾರೂ ಕೇಕೆ ಹಾಕಲಿಲ್ಲ.

ಇಷ್ಟಕ್ಕೆ ಗೆದ್ದೆವು ಎಂದು ಕೆಲವರು ಕಥೆ ಹೇಳುತ್ತಾರೆ. ಗೆಲುವು ಅಂಥದ್ದೇನೂ ಅಲ್ಲ. ಸಂಜೆ ಕರಾವಳಿ ಕಾವಲಿನವರು ಬಂದು ನಮ್ಮನ್ನು ಬೈದು ದಡಕ್ಕಟ್ಟಿದರು. ಕಂಪನಿಯವರು ಮೀನಿನ ಕಾಲ ಮುಗಿಯುವವರೆಗೆ ಹಡಗು ಹಿಂದಕ್ಕೆ ತೆಗೆದರು. ತಪ್ಪೆಲ್ಲ ದುಭಾಷಿಯದು ಎಂದು ಸಾರಿದರು, ಯರ್ಬನನ್ನು ಕೆಲಸದಿಂದ ತೆಗೆದುಹಾಕಿದರು. ಅದಕ್ಕೂ ನನಗೆ ಸಿಟ್ಟು. ಒಂದಿಡೀ ಊರಿನ ಅನ್ನದ ಮಾತು ಕೇಳಲು ಬಂದವರಿಗೆ ಇನ್ನೊಂದು ಬಾಯಿ ಕರೆತರಲು ಏನಾಗಿತ್ತು? ಅಜ್ಜ ಅಷ್ಟು ಹೊತ್ತು ಕೈಯೆತ್ತಿ ಬೇಡ ಬೇಡ ಎಂದು ಆಡಿಸುತ್ತಿದ್ದುದು ಅವರ ಕಣ್ಣಿಗೆ ಬೀಳಲಿಲ್ಲವೇ? ಅವರಿಗೆ ಬೇಕಾದ ಮಾತನ್ನೇ ಅವನು ಹೇಳಿದ, ಅದಕ್ಕೇ ಅವರು ನಂಬಿದರು.

ಆ ವರ್ಷ ಅಜೌಲ್ ಅರೆಪಾಲೂ ಸಿಗಲಿಲ್ಲ. ಕಾಲ ಮುಗಿಯುವ ಹೊತ್ತಿಗೆ ಒಂದು ದಿನ ಸ್ವೇಲಿಮ್ ಬಡಿದಾಗ ಎರಡು ಡಾಲ್ಫಿನ್ ಬಂದವು. ದೂರದಲ್ಲೇ ನಿಂತು, ಹತ್ತಿರ ಬರಲು ಬಹಳ ಹೊತ್ತು ತೆಗೆದುಕೊಂಡವು. ಮರಿ ಅವುಗಳ ಜೊತೆ ಇರಲಿಲ್ಲ. ಸ್ವೇಲಿಮ್ ಅವತ್ತು ಬಲೆ ಬಿಡಬೇಡಿ ಎಂದ. ಬಂದ ಮೀನನ್ನೆಲ್ಲ ಅವೇ ತಿಂದು ಹೋದವು.

ಯರ್ಬ ಊರಿಗೆ ಬಂದ. ಹೋಗಲು ಬೇರೆಲ್ಲಿತ್ತು? ಯಾರೂ ಅವನ ಸಲಾಮಿಗೆ ಉತ್ತರ ಕೊಡಲಿಲ್ಲ. ನನ್ನ ಗುಡಾರದ ಬಾಗಿಲಲ್ಲಿ ಕೂತ. ನಾನು ಒಣಮೀನು, ಎಣ್ಣೆ, ನೀರು ಮುಂದಿಟ್ಟು ಒಳಗೆ ಹೋದೆ. ಮಾತಾಡಲಿಲ್ಲ. ಹೀಗೇ ಎಷ್ಟೋ ದಿನ ನಡೆಯಿತು.

"ಬೈಯಾದ್ರೂ ಬೈ ಅಕ್ಕ," ಎಂದ ಒಂದು ದಿನ.

"ನಿನ್ನ ಹತ್ರ ಆಡಿದ ಮಾತು ಎಲ್ಲಿಗೆ ಹೋಗಿ ಏನಾಗುತ್ತೋ ಅನ್ನೋ ಭಯ ನಂಗೆ," ಎಂದೆ. ಅದು ಅವನಿಗೆ ಕೋಲಿಗಿಂತ ಜೋರಾಗಿ ತಗುಲಿತು. ತಗುಲಲೆಂದೇ ಹೇಳಿದ್ದೆ. ತಟ್ಟೆಯನ್ನು ಮುಟ್ಟದೆ ಎದ್ದುಹೋದ. ಮಾರನೆಯ ದಿನ ಸ್ವೇಲಿಮ್ ಅವನನ್ನು ಕರೆದುಕೊಂಡು ಹೋಗಿ ಹರಿದ ಬಲೆ ಹೆಣೆಯಲು ಕೂರಿಸಿದ. ನಾನು ಬೇಡ ಎನ್ನಲಿಲ್ಲ, ಸರಿ ಎಂದೂ ಅನ್ನಲಿಲ್ಲ. ನನ್ನ ಗಂಡನಿಗೆ ನನಗಿಂತ ಬೇಗ ಸಿಟ್ಟು ಇಳಿಯುತ್ತದೆ. ಅದು ಅವನ ಸ್ವಭಾವ.

ಮುಂದಿನ ಬೇಸಗೆಯಲ್ಲಿ ಸುದ್ದಿ ಬಂತು: ಅದೇ ಕಂಪನಿ ತೆಂಕಣದ ಇನ್ನೊಂದು ಮೀನುಗಾರರ ಊರಿನಲ್ಲಿ ಗುಡಾರ ಹಾಕಿಸುತ್ತಿದೆ, ಕುರಿ ಕೊಯ್ಸುತ್ತಿದೆ. ಸೆನಿಯ ಮತ್ತು ನಾನು ಹೊರಟೆವು. ಅವಳು ಮೈಕು, ತಂತಿ, ಆ ಬೆಳಗ್ಗೆ ಹಿಡಿದಿಟ್ಟ ಮರಿಯ ಸಿಳ್ಳೆ, ಎಲ್ಲವನ್ನೂ ಚೀಲಕ್ಕೆ ತುಂಬಿಕೊಂಡಳು. ಕಾರಿನವನು ನನ್ನ ಖಾಲಿ ಕೈ ನೋಡಿ ನಕ್ಕ.

"ಏನು ತೆಸ್ಲೆಮ್, ಮೀನಿಲ್ಲ, ಮೀನಿನ ತತ್ತಿಯಿಲ್ಲ, ಏನು ಮಾರೋಕೆ ಹೊರಟೆ?"

"ಮಾರೋಕಲ್ಲಪ್ಪ, ಜಗಳ ಆಡೋಕೆ."

"ಯಾರ ಜೊತೆ?"

"ಯಾರು ಸಿಕ್ತಾರೋ ಅವರ ಜೊತೆ. ನೀನು ಬೇಗ ನಡೆಸು, ಇಲ್ಲಾಂದ್ರೆ ನಿನ್ನಿಂದಲೇ ಶುರು."

ಅವನು ಬಾಯಿ ಮುಚ್ಚಿ ಕಾರು ಹೊರಡಿಸಿದ. ಉಬ್ಬರ ಇಳಿದ ನೀರಿನ ಅಂಚಿನ ಗಟ್ಟಿ ಮರಳಿನ ಮೇಲೆ ತೆಂಕಣಕ್ಕೆ ಓಡಿದೆವು. ಸಭೆ ಶುರುವಾಗುವ ಮುನ್ನ ಮುಂದಿನ ಚಾಪೆಯಲ್ಲಿ ಜಾಗ ಹಿಡಿಯಬೇಕಿತ್ತು.